ನಕ್ಷತ್ರ ಕಂಡರೆ ಹುಚ್ಚು ಹಿಡಿಯುತ್ತದೆಯೇ?

ಐಸಾಕ್ ಅಸಿಮೋವ್ ಬರೆದ ‘ನೈಟ್‌ಫಾಲ್’ ಎಂಬ ಇಂಗ್ಲಿಷ್ ಕತೆಯೊಂದನ್ನು ನಾವು ಏಳನೇ, ಎಂಟನೇ ತರಗತಿಯ ಮಕ್ಕಳಿಗೆ ಕನ್ನಡದಲ್ಲಿ ಹೇಳುತ್ತಾ ಬಂದಿದ್ದೇವೆ. ಪಾಠಪುಸ್ತಕದಲ್ಲಿ ಇಲ್ಲದ ಕತೆ, ಪರೀಕ್ಷೆಗೂ ಬರುವುದಿಲ್ಲ. ಹಾಗಾಗಿ ‘ಅದೆಲ್ಲ ಎಂತಕ್ಕೆ ಮಾಸ್ಟ್ರೇ, ಪಾಠ ಮುಗಿಸಿದರೆ ಸಾಕಲ್ಲ’ ಎನ್ನುವ ಹೆತ್ತವರಿದ್ದಾರೆ. ‘ಕನ್ನಡ ಮಾಧ್ಯಮದ ಮಕ್ಕಳಿಗೆ ಅಮೆರಿಕದ ಕತೆ ಯಾಕೆ, ನಮ್ಮಲ್ಲೇನು ಕತೆಗಳಿಗೆ ಬರವೇ?’ ಎಂದು ಕೇಳುವ ಸಹೋದ್ಯೋಗಿಗಳೂ ಇದ್ದಾರೆ. ಎರಡೂ ನ್ಯಾಯವಾದ ಪ್ರಶ್ನೆಗಳೇ. ಸ್ಟಾಫ್ ರೂಮಿನಲ್ಲಿ ಚಾ ಕುಡಿಯುವಷ್ಟು ಹೊತ್ತಿನಲ್ಲಿ ಉತ್ತರ ಹೇಳಿ ಮುಗಿಯುವಂಥದ್ದಲ್ಲ, ಆದ್ದರಿಂದ ಇಲ್ಲಿ ಬರೆಯುತ್ತಿದ್ದೇವೆ. ಕತೆಯ ಕೊನೆಯನ್ನೂ ಹೇಳಿಬಿಡುತ್ತೇವೆ. ಮೊದಲು ಕತೆಯನ್ನೇ ಓದಬೇಕೆನ್ನುವವರು ಓದಿಕೊಂಡು ಬನ್ನಿ.

ಲಗಾಶ್ ಎಂಬುದು ಅಸಿಮೋವ್ ಕಲ್ಪಿಸಿದ ಗ್ರಹ. ಅದರ ಆಕಾಶದಲ್ಲಿ ಆರು ಸೂರ್ಯರು. ಒಬ್ಬ ಮುಳುಗಿದರೆ ಇನ್ನೊಬ್ಬ ಮೇಲಿರುತ್ತಾನೆ, ಹಾಗಾಗಿ ಅಲ್ಲಿ ರಾತ್ರಿ ಎಂಬುದೇ ಇಲ್ಲ. ರಾತ್ರಿ ಇಲ್ಲದ ಮೇಲೆ ನಕ್ಷತ್ರಗಳೂ ಇಲ್ಲ. ಆದರೆ 2049 ವರ್ಷಗಳಿಗೊಮ್ಮೆ ಬೀಟಾ ಎಂಬ ಸಣ್ಣ ಕೆಂಪು ಸೂರ್ಯನೊಬ್ಬನೇ ಆಕಾಶದಲ್ಲಿ ಉಳಿಯುವ ಹೊತ್ತು ಬರುತ್ತದೆ. ಸರಿಯಾಗಿ ಆಗಲೇ, ಹಗಲ ಬೆಳಕಿನಲ್ಲಿ ಯಾರ ಕಣ್ಣಿಗೂ ಬೀಳದ ಒಂದು ಚಂದ್ರ ಅಡ್ಡ ಬಂದು ಬೀಟಾನನ್ನು ನುಂಗುತ್ತದೆ. ಆ ಚಂದ್ರ ಕಣ್ಣಳತೆಯಲ್ಲಿ ಬೀಟಾನ ಏಳು ಪಟ್ಟು. ಆದ್ದರಿಂದ ಗ್ರಹಣ ಅರ್ಧ ದಿನಕ್ಕಿಂತ ಹೆಚ್ಚು ಹೊತ್ತು ಇರುತ್ತದೆ, ಗ್ರಹದ ಯಾವ ಮೂಲೆಯೂ ಅದರಿಂದ ತಪ್ಪಿಸಿಕೊಳ್ಳುವುದಿಲ್ಲ. ಕತ್ತಲೆಯನ್ನೇ ಕಂಡಿರದ ಜನ ಕಂಗಾಲಾಗಿ, ಬೆಳಕು ಬೇಕು ಬೆಳಕು ಬೇಕು ಎಂದು ಕೈಗೆ ಸಿಕ್ಕಿದ್ದಕ್ಕೆಲ್ಲ ಬೆಂಕಿ ಹಚ್ಚುತ್ತಾರೆ. ನಗರಗಳು ಸುಟ್ಟುಹೋಗುತ್ತವೆ. ಹಿಂದೆ ಒಂಬತ್ತು ನಾಗರಿಕತೆಗಳು ಹೀಗೆಯೇ ಉತ್ತುಂಗಕ್ಕೇರಿ ಬೂದಿಯಾದ ಗುರುತುಗಳು ಅವರ ಉತ್ಖನನಗಳಲ್ಲಿ ಸಿಕ್ಕಿರುತ್ತವೆ. ಕತೆ ನಡೆಯುವುದು ಹತ್ತನೆಯ ಸಲದ ಆ ಕೊನೆಯ ನಾಲ್ಕು ಗಂಟೆಗಳಲ್ಲಿ, ಸಾರೋ ಎಂಬ ಊರಿನ ವಿಶ್ವವಿದ್ಯಾಲಯದ ವೀಕ್ಷಣಾಲಯದೊಳಗೆ.

ಇದನ್ನು ಬರೆಯುವಾಗ ಅಸಿಮೋವನಿಗೆ ವಯಸ್ಸು 21. ರಷ್ಯದಲ್ಲಿ ಹುಟ್ಟಿ, ಮೂರು ವರ್ಷದ ಮಗುವಾಗಿದ್ದಾಗ ಅಪ್ಪ ಅಮ್ಮನ ಜೊತೆ ಅಮೆರಿಕಕ್ಕೆ ಹೋದವನು. ಮನೆಯ ಭಾಷೆ ಒಂದು, ಶಾಲೆಯ ಭಾಷೆ ಇನ್ನೊಂದು. (ಗಡಿಯಲ್ಲಿರುವ ನಮಗೆ ಇದು ಹೊಸ ಸಂಗತಿಯಲ್ಲ!) 1941ರ ಮಾರ್ಚ್ ತಿಂಗಳಲ್ಲಿ ಪತ್ರಿಕೆಯ ಸಂಪಾದಕ ಜಾನ್ ಕ್ಯಾಂಪ್‌ಬೆಲ್ ಈ ಹುಡುಗನಿಗೆ ಎಮರ್ಸನ್ ಎಂಬ ತತ್ವಜ್ಞಾನಿಯ ಒಂದು ಮಾತು ಓದಿ ಹೇಳಿದನಂತೆ. ನಕ್ಷತ್ರಗಳು ಸಾವಿರ ವರ್ಷಕ್ಕೊಂದು ರಾತ್ರಿ ಮಾತ್ರ ಕಾಣಿಸಿದರೆ ಜನ ಎಷ್ಟೊಂದು ಭಕ್ತಿಯಿಂದ ಆ ನೆನಪನ್ನು ತಲೆಮಾರುಗಳವರೆಗೆ ಉಳಿಸಿಕೊಂಡಾರು ಎಂಬ ಭಾವದ ಮಾತು ಅದು, 1836ರ ‘ನೇಚರ್’ ಎಂಬ ಪುಸ್ತಕದ್ದು. ಕ್ಯಾಂಪ್‌ಬೆಲ್ಲನ ಲೆಕ್ಕ ಉಲ್ಟಾ. ಭಕ್ತಿಯೂ ಇಲ್ಲ ಗಿಕ್ತಿಯೂ ಇಲ್ಲ, ಜನರಿಗೆ ಹುಚ್ಚು ಹಿಡಿಯುತ್ತದೆ, ಹೋಗಿ ಕತೆ ಬರೆ ಎಂದನಂತೆ. ಅದೇ ವರ್ಷದ ಸೆಪ್ಟೆಂಬರ್ ಸಂಚಿಕೆಯಲ್ಲಿ ಕತೆ ಬಂತು. ಮುಂದೆ ಅಮೆರಿಕದ ವಿಜ್ಞಾನ ಕತೆಗಾರರ ಸಂಘದವರು 1965ಕ್ಕಿಂತ ಹಿಂದಿನ ಸಣ್ಣಕತೆಗಳಲ್ಲಿ ಉತ್ತಮವಾದದ್ದು ಯಾವುದೆಂದು ಮತ ಹಾಕಿದಾಗ ಮೊದಲ ಸ್ಥಾನ ಇದಕ್ಕೇ ಬಂತು. 1990ರಲ್ಲಿ ರಾಬರ್ಟ್ ಸಿಲ್ವರ್‌ಬರ್ಗ್ ಜೊತೆ ಸೇರಿ ಇದನ್ನೇ ಕಾದಂಬರಿಯಾಗಿ ಹಿಗ್ಗಿಸಿದ್ದೂ ಇದೆ. ನಮಗೆ ಸಣ್ಣಕತೆಯೇ ಇಷ್ಟ. ಕಾಯಿಗಿಂತ ಹೆಚ್ಚು ನೀರು ಹಾಕಿ ರುಬ್ಬಿದ ಚಟ್ನಿಯ ಹಾಗೆ ಆ ಕಾದಂಬರಿ.

ಈಗ ನಮ್ಮ ತಕರಾರಿಗೆ ಬರುತ್ತೇವೆ. ಕತೆ ಒಳ್ಳೆಯದು, ಆದರೆ ಕ್ಯಾಂಪ್‌ಬೆಲ್ ಹೇಳಿದ್ದು ಸರಿಯೆಂದು ನಮಗೆ ಅನ್ನಿಸುವುದಿಲ್ಲ. ನಕ್ಷತ್ರ ಕಂಡ ಮಾತ್ರಕ್ಕೆ ಮನುಷ್ಯನಿಗೆ ಹುಚ್ಚು ಹಿಡಿಯುವುದಿಲ್ಲ. 1994ರ ಜನವರಿ 17ರ ನಸುಕಿನಲ್ಲಿ ಅಮೆರಿಕದ ಲಾಸ್ ಏಂಜಲೀಸಿನಲ್ಲಿ ಭೂಕಂಪವಾಗಿ ಊರಿಡೀ ಕರೆಂಟು ಹೋಯಿತು. ಗಾಬರಿಯಲ್ಲಿ ಬೀದಿಗೆ ಬಂದ ಜನ ತಲೆಯೆತ್ತಿ ನೋಡಿದರೆ ಆಕಾಶದ ತುಂಬ ಅವರು ಅದುವರೆಗೆ ಕಾಣದಷ್ಟು ನಕ್ಷತ್ರಗಳು. ಆಕಾಶಕ್ಕೆ ಏನಾಗಿದೆ, ಭೂಕಂಪಕ್ಕೂ ಇದಕ್ಕೂ ಸಂಬಂಧ ಇದೆಯಾ ಎಂದು ಅಲ್ಲಿನ ಗ್ರಿಫಿತ್ ವೀಕ್ಷಣಾಲಯಕ್ಕೆ ಫೋನು ಮಾಡಿ ಕೇಳಿದವರಿದ್ದಾರೆ. ನಗು ಬರುತ್ತದೆ, ಸ್ವಲ್ಪ ಬೇಸರವೂ ಆಗುತ್ತದೆ. ಆದರೆ ಗಮನಿಸಿ, ಅವರು ಊರಿಗೆ ಬೆಂಕಿ ಹಚ್ಚಲಿಲ್ಲ, ಫೋನು ಮಾಡಿದರು! ಯಾರನ್ನು ಕೇಳಬೇಕೆಂದು ಅವರಿಗೆ ಗೊತ್ತಿತ್ತು, ಆ ಕಡೆಯಿಂದ ಉತ್ತರ ಹೇಳುವವರೂ ಇದ್ದರು. ಲಗಾಶಿನಲ್ಲಿ ಇಲ್ಲದೇ ಹೋದದ್ದು ಇದು.

ಕತೆಯನ್ನು ಮೇಷ್ಟರ ಕಣ್ಣಿನಿಂದ ಇನ್ನೊಮ್ಮೆ ಓದಿ ನೋಡಿ. ವಿಶ್ವವಿದ್ಯಾಲಯದ ನಿರ್ದೇಶಕ ಅಟಾನ್ ಮತ್ತು ಅವನ ಜೊತೆಯವರಿಗೆ ಗ್ರಹಣ ಬರುವುದು ಎಷ್ಟು ಗಂಟೆಗೆ ಎಂಬುದೂ ಗೊತ್ತು. ಅವರ ತಯಾರಿ ಏನು? ಸುಮಾರು 300 ಮಂದಿಯನ್ನು, ಹೆಚ್ಚಿನವರು ವಿಶ್ವವಿದ್ಯಾಲಯದವರ ಮನೆಯವರೇ, ಒಂದು ಅಡಗುದಾಣಕ್ಕೆ ಸೇರಿಸುತ್ತಾರೆ. ದಾಖಲೆಗಳನ್ನು ಅಲ್ಲಿಗೆ ಸಾಗಿಸುತ್ತಾರೆ. ನಕ್ಷತ್ರಗಳ ಫೋಟೋ ತೆಗೆಯಲು ಕ್ಯಾಮರಾ ಹೂಡಿ ಕೂರುತ್ತಾರೆ, ಮುಂದಿನ 2049 ವರ್ಷದವರಿಗೆ ಉಪಯೋಗವಾಗಲಿ ಅಂತ. ಎಲ್ಲ ಸರಿ. ಆದರೆ ಒಂದೇ ಒಂದು ಶಾಲೆಯಲ್ಲಿ ಕಿಟಕಿ ಬಾಗಿಲು ಹಾಕಿ ಮಕ್ಕಳನ್ನು ಐದು ನಿಮಿಷ ಕತ್ತಲೆಯಲ್ಲಿ ಕೂರಿಸಿ ‘ಹೆದರಬೇಡಿ, ಇದು ಇಷ್ಟೇ’ ಎಂದು ಹೇಳಿದವರ ಸುದ್ದಿ ಇಡೀ ಕತೆಯಲ್ಲಿ ಇಲ್ಲ. ಜನಕ್ಕೆ ತಲುಪಿದ್ದು ಪತ್ರಿಕೆಯ ಮೂಲಕ. ಥೆರೆಮಾನ್ ಎಂಬ ಪತ್ರಕರ್ತ ಅದನ್ನು ಗೇಲಿ ಮಾಡಿ ಬರೆದ, ಜನ ನಕ್ಕು ಸುಮ್ಮನಾದರು.

ಹಾಗೆಂದು ಕತ್ತಲೆಯ ಭಯವನ್ನು ಅಸಿಮೋವ್ ಸುಮ್ಮನೆ ಊಹಿಸಿ ಬಿಟ್ಟಿಲ್ಲ. ಶೀರಿನ್ ಎಂಬ ಮನಶ್ಶಾಸ್ತ್ರಜ್ಞನಿಂದ ಒಂದು ಜಾತ್ರೆಯಂಥ ಪ್ರದರ್ಶನದ ಸಂಗತಿ ಹೇಳಿಸುತ್ತಾನೆ. ಅಲ್ಲಿ ಒಂದು ಮೈಲಿ ಉದ್ದದ ಸುರಂಗ, ಬೆಳಕಿಲ್ಲದೆ 15 ನಿಮಿಷದ ಸವಾರಿ. ಮಜಾ ಎಂದು ಹೋದವರಲ್ಲಿ ಕೆಲವರು ಸತ್ತೇ ಹೋದರು, ಕೆಲವರು ಹೊರಬಂದ ಮೇಲೆ ಮನೆಯೊಳಗೆ ಕಾಲಿಡಲಾರದೆ ಬಯಲಲ್ಲೇ ಉಳಿದರು. ಮಕ್ಕಳಿಗೆ ಈ ಭಾಗ ಬಹಳ ಇಷ್ಟ, ಎರಡೆರಡು ಸಲ ಹೇಳಿಸಿಕೊಳ್ಳುತ್ತಾರೆ. ಲಗಾಶಿನವರಿಗೆ ದೀಪ ಗೊತ್ತಿಲ್ಲ ಎಂಬುದೂ ಅವರಿಗೆ ಸೋಜಿಗ. ಅಲ್ಲಿನ ದೊಡ್ಡ ದೊಡ್ಡ ವಿಜ್ಞಾನಿಗಳು ನೀರಿನಲ್ಲಿ ಬೆಳೆಯುವ ಜೊಂಡಿನ ತಿರುಳಿಗೆ ಕೊಬ್ಬು ಹಚ್ಚಿ ಪಂಜು ಮಾಡಿ, ಏನೋ ಮಹಾ ಸಂಶೋಧನೆ ಎಂಬಂತೆ ಗೋಡೆಗೆ ಸಿಕ್ಕಿಸುತ್ತಾರೆ. ಕೋಲ, ತೆಯ್ಯಂ ನೋಡಿ ಬೆಳೆದ ನಮ್ಮ ಮಕ್ಕಳು ‘ಸೂಟೆ ಕಟ್ಟಲಿಕ್ಕೆ ಗೊತ್ತಿಲ್ಲವಾ ಅವರಿಗೆ!’ ಎಂದು ನಗುತ್ತಾರೆ. ಈ ಕತೆಗೆ ಕನ್ನಡದಲ್ಲಿ ಏನು ಹೆಸರಿಡುವುದೆಂದು ಯೋಚಿಸಿದಾಗಲೂ ಇದೇ ತೊಡಕು. ನಮ್ಮ ಮೂರ್ಸಂಜೆಯಲ್ಲಿ ಹೆದರಿಕೆಗಿಂತ ಹೆಚ್ಚಾಗಿ ದೀಪ ಹಚ್ಚುವ, ಕೈಕಾಲು ಮುಖ ತೊಳೆದು ಕೂರುವ ಹೊತ್ತಿನ ನೆನಪೇ ಇದೆ. ಹಾಗಾಗಿ ನಾವು ‘ಆರು ಸೂರ್ಯರ ಕತೆ’ ಎಂದೇ ಹೇಳುತ್ತೇವೆ.

ಇನ್ನು ಲಾಟಿಮರ್. ಇವನು ಅಲ್ಲಿನ ಒಂದು ಪಂಥದವನು. ಅವರ ಧರ್ಮಗ್ರಂಥದಲ್ಲಿ ಕತ್ತಲೆಯ ವಿಷಯವೂ ‘ನಕ್ಷತ್ರ’ ಎಂಬ ಮಾತೂ ಇದೆ. ಅದೇನು ಎಂದು ಯಾರಿಗೂ ಗೊತ್ತಿಲ್ಲ, ಆದರೆ ಮಾತು ಉಳಿದುಕೊಂಡಿದೆ. ಇವನು ವೀಕ್ಷಣಾಲಯಕ್ಕೆ ಕಳ್ಳನ ಹಾಗೆ ನುಗ್ಗಿ ಫೋಟೋ ತೆಗೆಯುವ ಸಾಮಗ್ರಿ ಪುಡಿ ಮಾಡಲು ನೋಡುತ್ತಾನೆ. ಮಕ್ಕಳು ಇವನನ್ನು ವಿಲನ್ ಎನ್ನುತ್ತಾರೆ, ನಾವು ತಡೆಯುತ್ತೇವೆ. ಎರಡು ಸಾವಿರ ವರ್ಷ ಆ ನೆನಪನ್ನು ಕಾದುಕೊಂಡು ಬಂದವರು ಯಾರು? ವಿಶ್ವವಿದ್ಯಾಲಯವಲ್ಲ, ಈ ಪಂಥದವರು. ಅಟಾನನಿಗೂ ತನ್ನ ಲೆಕ್ಕ ಪೂರ್ತಿ ಮಾಡಲು ಇವರ ಹಳೆಯ ಮಾಹಿತಿಯೇ ಬೇಕಾಯಿತು. ಜೋಪಾನ ಮಾಡಿದ್ದು ಅವರ ದೊಡ್ಡತನ. ಪರೀಕ್ಷಿಸಿ ನೋಡಲು ಬಿಡದೇ ಇದ್ದದ್ದು ಅವರ ತಪ್ಪು. ಈ ಜಾಗದಲ್ಲಿ ನಾವು ಪಂಚಾಂಗದ ಮಾತು ತೆಗೆಯುತ್ತೇವೆ. ಮನೆಯ ಮೊಳೆಗೆ ನೇತುಹಾಕಿದ ಪಂಚಾಂಗದಲ್ಲಿ ಗ್ರಹಣದ ಸ್ಪರ್ಶ, ಮೋಕ್ಷ ಎಷ್ಟು ಹೊತ್ತಿಗೆ ಎಂಬ ಲೆಕ್ಕ ಇರುತ್ತದೆ. ಅದೇ ಪುಟದಲ್ಲಿ ಯಾರು ಯಾರು ನೋಡಬಾರದು ಎಂಬ ಪಟ್ಟಿಯೂ ಇರುತ್ತದೆ. ಮೊದಲನೆಯದನ್ನು ಗಡಿಯಾರ ಹಿಡಿದು ಪರೀಕ್ಷಿಸಬಹುದು. ಎರಡನೆಯದನ್ನೂ ಪರೀಕ್ಷಿಸಬಹುದು, ಧೈರ್ಯ ಬೇಕು ಅಷ್ಟೆ.

ಕಾಸರಗೋಡಿನವರಾದ ನಮಗೆ ಈ ಮಾತು ಪುಸ್ತಕದ್ದಲ್ಲ. 2019ರ ಡಿಸೆಂಬರ್ 26ರಂದು ಕಂಕಣ ಸೂರ್ಯಗ್ರಹಣದ ದಾರಿ ನಮ್ಮ ಜಿಲ್ಲೆಯ ಮೇಲೆಯೇ ಹಾದುಹೋಗಿತ್ತು. ಬೆಳಿಗ್ಗೆ 8 ಗಂಟೆ ಕಳೆದು ಸುರುವಾಗಿ, 9:25ರ ಸುಮಾರಿಗೆ ಸೂರ್ಯ ಬಳೆಯಾದ. ಚೆರುವತ್ತೂರಿನಲ್ಲಿ ನೋಡಲು ದೂರದೂರದಿಂದ ಜನ ಬಂದಿದ್ದರು. ಅದೇ ಹೊತ್ತಿಗೆ ಎಷ್ಟೋ ಮನೆಗಳ ಬಾಗಿಲು ಹಾಕಿತ್ತು, ಒಳಗೆ ಟೀವಿಯಲ್ಲಿ ಅದೇ ಗ್ರಹಣದ ನೇರ ಪ್ರಸಾರ! ಮನೆಯ ಮಾಡಿನ ಮೇಲೆ ಇದ್ದದ್ದನ್ನು ಟೀವಿಯ ಪೆಟ್ಟಿಗೆಯಲ್ಲಿ ನೋಡಿದ ಊರು ನಮ್ಮದು. 1980ರ ಫೆಬ್ರವರಿ 16ರಂದು ಕಾರವಾರ, ಹುಬ್ಬಳ್ಳಿ, ರಾಯಚೂರಿನ ಮೇಲೆ ಪೂರ್ಣ ಸೂರ್ಯಗ್ರಹಣವೇ ಹಾದುಹೋದಾಗ ಬೀದಿಗಳು ಬಿಕೋ ಎನ್ನುತ್ತಿದ್ದವು ಎಂದು ಹಿರಿಯರು ಹೇಳುತ್ತಾರೆ. ಭೂಮಿಯ ಮೇಲಿನ ಒಂದು ಜಾಗಕ್ಕೆ ಪೂರ್ಣ ಸೂರ್ಯಗ್ರಹಣ ಬರುವುದು ಸರಾಸರಿ 375 ವರ್ಷಕ್ಕೊಮ್ಮೆ, ಇರುವುದು ಹೆಚ್ಚೆಂದರೆ ಏಳೂವರೆ ನಿಮಿಷ. 2049 ವರ್ಷದ ಮುಂದೆ ಇದು ಅಗ್ಗ ಎನ್ನಬೇಕೇ? ಒಬ್ಬ ಮನುಷ್ಯನ ಆಯುಷ್ಯದ ಲೆಕ್ಕದಲ್ಲಿ ಎರಡೂ ಒಂದೇ.

ಕತೆಯಲ್ಲಿ ನಮಗೆ ಎಲ್ಲಕ್ಕಿಂತ ಬೆಲೆಯುಳ್ಳದ್ದಾಗಿ ಕಂಡದ್ದು ಯಿಮೋಟ್ ಮತ್ತು ಫಾರೋ ಎಂಬ ಇಬ್ಬರು ಹುಡುಗರ ಪ್ರಯೋಗ. ಕತೆ ಓದಿದವರು ಸಾಮಾನ್ಯವಾಗಿ ಇದನ್ನು ನೆನಪಿಟ್ಟುಕೊಳ್ಳುವುದಿಲ್ಲ. ನಕ್ಷತ್ರ ಅಂದರೆ ಏನಿರಬಹುದು, ಕಂಡರೆ ಏನಾಗಬಹುದು ಎಂದು ತಾವೇ ನೋಡಿಬಿಡೋಣವೆಂದು ಈ ಇಬ್ಬರು ಸ್ವಂತ ಖರ್ಚಿನಲ್ಲಿ ಒಂದು ಗುಮ್ಮಟದ ಮನೆ ಹಿಡಿಯುತ್ತಾರೆ. ಒಳಗೆಲ್ಲ ಕಪ್ಪು ಬಟ್ಟೆ ಹೊದಿಸುತ್ತಾರೆ. ಮಾಡಿಗೆ ಸಣ್ಣ ಸಣ್ಣ ತೂತು ಕೊರೆದು ಮುಚ್ಚಳ ಇಡುತ್ತಾರೆ, ಸ್ವಿಚ್ಚು ಒತ್ತಿದರೆ ಮುಚ್ಚಳಗಳೆಲ್ಲ ಒಟ್ಟಿಗೆ ಸರಿಯಬೇಕು. ಕತ್ತಲೆಗೆ ಸ್ವಲ್ಪ ಸ್ವಲ್ಪವೇ ಅಭ್ಯಾಸ ಮಾಡಿಕೊಂಡು, ಜೀವ ಕೈಯಲ್ಲಿ ಹಿಡಿದು ಸ್ವಿಚ್ಚು ಒತ್ತುತ್ತಾರೆ. ಏನಾಯಿತು? ಏನೂ ಆಗಲಿಲ್ಲ! ತೂತು ಬಿದ್ದ ಮಾಡು ತೂತು ಬಿದ್ದ ಮಾಡಿನ ಹಾಗೆಯೇ ಕಂಡಿತು.

ಯಾಕೆ ಏನೂ ಆಗಲಿಲ್ಲ? ಈ ಒಂದು ಪ್ರಶ್ನೆಗೆ ನಾವು ಎರಡು ಪೀರಿಯಡ್ ಕೊಡುತ್ತೇವೆ. ಮಕ್ಕಳು ರಟ್ಟಿನ ಪೆಟ್ಟಿಗೆ ತರುತ್ತಾರೆ, ಒಳಗೆ ಮಸಿ ಹಚ್ಚುತ್ತಾರೆ, ಸೂಜಿಯಿಂದ ತೂತು ಮಾಡುತ್ತಾರೆ, ತಲೆ ತೂರಿಸಿ ನೋಡುತ್ತಾರೆ. ಚಂದ ಕಾಣುತ್ತದೆ, ಭಯವಾಗುವುದಿಲ್ಲ. ತೂತುಗಳಿಗೂ ನಕ್ಷತ್ರಗಳಿಗೂ ವ್ಯತ್ಯಾಸ ಏನು ಎಂದು ಕೇಳಿದರೆ ಮೊದಲು ‘ಅದು ಮಿನುಗುತ್ತದೆ, ಇದು ಮಿನುಗುವುದಿಲ್ಲ’ ಎನ್ನುತ್ತಾರೆ. ಆಮೇಲೆ ಒಬ್ಬಳೋ ಒಬ್ಬನೋ ಮೆಲ್ಲನೆ ‘ಇದು ಹತ್ತಿರ ಇದೆ, ಅದು ದೂರ’ ಎನ್ನುವ ಗಳಿಗೆ ಬರುತ್ತದೆ. ಆ ಗಳಿಗೆಗೋಸ್ಕರವೇ ಈ ಕತೆ ಹೇಳುವುದು. ಮಾದರಿಯೊಂದು ಏನನ್ನು ತೋರಿಸುತ್ತದೆ, ಏನನ್ನು ಬಿಟ್ಟುಬಿಡುತ್ತದೆ ಎಂಬುದು ವಿಜ್ಞಾನದ ಪಾಠದಲ್ಲಿ ಎಲ್ಲಕ್ಕಿಂತ ಕಷ್ಟದ ವಿಷಯ. ಗೋಡೆಯ ಮೇಲಿನ ಸೌರಮಂಡಲದ ಚಾರ್ಟು ನೋಡಿ ಗ್ರಹಗಳು ಒಂದರ ಪಕ್ಕ ಒಂದು ಸಾಲಾಗಿ ನಿಂತಿವೆ ಎಂದುಕೊಂಡು ಎಸ್ಸೆಸ್ಸೆಲ್ಸಿ ದಾಟಿದವರು ಎಷ್ಟು ಮಂದಿ ಇಲ್ಲ! ಕತೆಯ ಕೊನೆಯಲ್ಲಿ ಲಗಾಶಿನವರ ಎದೆ ಒಡೆಯುವುದೂ ಚುಕ್ಕೆಗಳನ್ನು ಕಂಡಲ್ಲ, ಆ ಚುಕ್ಕೆಗಳು 30,000 ಸೂರ್ಯರು ಎಂದು ಹೊಳೆದಾಗ. ಆರು ಸೂರ್ಯರೇ ಇಡೀ ವಿಶ್ವ ಎಂದು ತಿಳಿದವರು ಅವರು. (ಆ ಜಾಗದಲ್ಲಿ ನಮ್ಮ ಭೂಮಿಯ ಆಕಾಶದ ಜೊತೆ ಹೋಲಿಸುವ ಒಂದು ಪ್ಯಾರಾ ಬರುತ್ತದೆ. ಅದನ್ನು ಸೇರಿಸಿದ್ದು ಸಂಪಾದಕ ಕ್ಯಾಂಪ್‌ಬೆಲ್, ಅಸಿಮೋವನಿಗೆ ಅದು ಹಿಡಿಸಿರಲಿಲ್ಲ. ಲಗಾಶಿನವರಿಗೆ ಭೂಮಿಯ ಸುದ್ದಿ ಎಲ್ಲಿಂದ? ನಾವು ಹೇಳುವಾಗ ಆ ಪ್ಯಾರಾ ಬಿಟ್ಟೇ ಹೇಳುತ್ತೇವೆ.)

ಬೀನೇ ಎಂಬ ಯುವ ವಿಜ್ಞಾನಿ ಗ್ರಹಣಕ್ಕೆ ಕಾಯುತ್ತಾ ಒಂದು ತಮಾಷೆಯ ಕಲ್ಪನೆ ಮಾಡುತ್ತಾನೆ. ಒಂದೇ ಸೂರ್ಯನಿರುವ ಗ್ರಹ ಇದ್ದರೆ ಹೇಗೆ? ಗುರುತ್ವಾಕರ್ಷಣೆಯ ನಿಯಮ ಅಲ್ಲಿನವರಿಗೆ ಎಷ್ಟು ಸುಲಭವಾಗಿ ಹೊಳೆದೀತು! ಆದರೆ ಅಂಥ ಗ್ರಹದಲ್ಲಿ ಜೀವ ಇರಲಾರದು ಬಿಡಿ, ಅರ್ಧ ಹೊತ್ತು ಕತ್ತಲೆಯಲ್ಲವೇ ಎನ್ನುತ್ತಾನೆ. ಇದನ್ನು ಹೇಳಿ ನಾವು ಸುಮ್ಮನೆ ನಿಲ್ಲುತ್ತೇವೆ. ಎರಡು ಮೂರು ಸೆಕೆಂಡು ಕಳೆದು ತರಗತಿಯಲ್ಲಿ ನಗು ಏಳುತ್ತದೆ, ಹಿಂದಿನ ಬೆಂಚಿನಿಂದ ‘ಅದು ನಾವೇ ಅಲ್ಲವಾ ಟೀಚರೇ!’ ಎಂಬ ಕೂಗು. ಆರು ಸೂರ್ಯರ ಮಾತು ಪೂರ್ತಿ ಕಟ್ಟುಕತೆ ಎಂದೂ ತಿಳಿಯಬೇಡಿ. ಪುನರ್ವಸು ಮಳೆ ಎಂದು ನಮ್ಮ ರೈತರು ಹೇಳುತ್ತಾರಲ್ಲ, ಆ ಪುನರ್ವಸುವಿನ ಎರಡು ನಕ್ಷತ್ರಗಳಲ್ಲಿ ಒಂದಾದ ಕ್ಯಾಸ್ಟರ್ ನಿಜವಾಗಿ ಆರು ನಕ್ಷತ್ರಗಳ ಕೂಟ. ಸುಮಾರು 51 ಜ್ಯೋತಿರ್ವರ್ಷ ದೂರದಲ್ಲಿದೆ, ಬರಿಗಣ್ಣಿಗೆ ಒಂದೇ ಚುಕ್ಕೆ. ಕಾಣದ ಚಂದ್ರನನ್ನು ಲೆಕ್ಕದಿಂದಲೇ ಕಂಡುಹಿಡಿದ ಅಟಾನನ ಕೆಲಸಕ್ಕೂ ನಿಜದ ಜೋಡಿ ಇದೆ. ಯುರೇನಸ್ಸಿನ ನಡಿಗೆ ಲೆಕ್ಕಕ್ಕೆ ಸಿಗದೆ ಹೋದಾಗ ಲೆವೆರಿಯೆ ಕಾಗದದ ಮೇಲೆಯೇ ಇನ್ನೊಂದು ಗ್ರಹದ ಜಾಗ ಗುರುತಿಸಿದ, 1846ರಲ್ಲಿ ದೂರದರ್ಶಕ ತಿರುಗಿಸಿ ನೋಡಿದರೆ ನೆಪ್ಚೂನ್ ಅಲ್ಲಿತ್ತು.

ಸಹೋದ್ಯೋಗಿಗಳ ಪ್ರಶ್ನೆಗೆ ಈಗ ಬರೋಣ. ಅಮೆರಿಕದ ಕತೆ ಯಾಕೆ? ಲಗಾಶಿನವರ ಬಳಿ ‘ನಕ್ಷತ್ರ’ ಎಂಬ ಮಾತಿತ್ತು, ನಕ್ಷತ್ರ ಇರಲಿಲ್ಲ. ನಮ್ಮ ಮಕ್ಕಳ ಸ್ಥಿತಿ ಅದಕ್ಕಿಂತ ತೀರಾ ಬೇರೆಯಲ್ಲ ಎಂಬುದು ನಮ್ಮ ಸಂಕಟ. ಧ್ರುವ ನಕ್ಷತ್ರ ಎಲ್ಲಿದೆ ಎಂದರೆ ‘ಉತ್ತರದಲ್ಲಿ’ ಎಂದು ತಟ್ಟನೆ ಹೇಳುತ್ತಾರೆ, ಒಂದು ಮಾರ್ಕು ಬರುತ್ತದೆ. ಕಂಡವರು ಕೈ ಎತ್ತಿ ಎಂದರೆ ಕೈ ಇಲ್ಲ. ತಪ್ಪು ಅವರದಲ್ಲ. ನಾವಿರುವುದು ಹನ್ನೆರಡೂವರೆ ಡಿಗ್ರಿ ಅಕ್ಷಾಂಶದಲ್ಲಿ, ಇಲ್ಲಿ ಧ್ರುವ ದಿಗಂತದಿಂದ ಅಷ್ಟೇ ಡಿಗ್ರಿ ಮೇಲೆ, ಅಂದರೆ ಚಾಚಿದ ಕೈಯ ಒಂದು ಮುಷ್ಟಿಗಿಂತ ಸ್ವಲ್ಪ ಹೆಚ್ಚು. ಅಡಿಕೆ ತೋಟದ, ತೆಂಗಿನ ಮಡಲಿನ ಆಚೆಗೆ ಅದು ಕಾಣುವುದಾದರೂ ಹೇಗೆ? ಗುಡ್ಡ ಹತ್ತಬೇಕು. ಗುಡ್ಡ ಹತ್ತಿದರೆ ಈಗ ಹೆದ್ದಾರಿಯ ಬೆಳಕು. ಆರು ಸೂರ್ಯರು ಇಲ್ಲದಿದ್ದರೂ ಆರು ಪಥದ ಹೆದ್ದಾರಿ ನಮಗೂ ಬಂದಿದೆಯಲ್ಲ!

ಮಾತು ಉಳಿದು ವಸ್ತು ಕಾಣೆಯಾದರೆ ಏನಾಗುತ್ತದೆ ಎಂದು ಗಡಿಯ ಶಾಲೆಯಲ್ಲಿ ಪಾಠ ಮಾಡುವವರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಜಿ. ಟಿ. ನಾರಾಯಣರಾಯರಂಥವರು ನಕ್ಷತ್ರ ನೋಡುವುದನ್ನು ಕನ್ನಡದಲ್ಲಿ ಕಲಿಸಿದರು. ಅವರ ಪುಸ್ತಕ ಓದಬೇಕಾದರೆ ಮಕ್ಕಳಿಗೆ ಮೊದಲು ತಲೆ ಎತ್ತುವ ಆಸೆ ಹುಟ್ಟಬೇಕು. ಆ ಆಸೆ ಪಾಠದಿಂದ ಹುಟ್ಟುವುದಕ್ಕಿಂತ ಕತೆಯಿಂದ ಬೇಗ ಹುಟ್ಟುತ್ತದೆ ಎಂಬುದು ನಮ್ಮ ಅನುಭವ. ಕತೆ ಹೇಳಿದ ವಾರದಲ್ಲೇ ‘ನಿನ್ನೆ ಕರೆಂಟು ಹೋದಾಗ ಹೊರಗೆ ಹೋಗಿ ನೋಡಿದೆ’ ಎಂದು ಬಂದು ಹೇಳುವವರು ಇರುತ್ತಾರೆ. ಇಂಥ ಕತೆಯನ್ನು ಇಂಗ್ಲಿಷ್ ಮಾಧ್ಯಮಕ್ಕೆ ಹೋದರೆ ಮಾತ್ರ ಕೇಳಬಹುದು ಎಂಬ ಭಾವನೆ ನಮ್ಮ ಮಕ್ಕಳಲ್ಲಿ ಬರಬಾರದು. ಅಮೆರಿಕದ್ದಾದರೂ ಸರಿ, ಲಗಾಶಿನದ್ದಾದರೂ ಸರಿ, ಕನ್ನಡದಲ್ಲಿ ಹೇಳಿದರೆ ಅದು ಕನ್ನಡ ಶಾಲೆಯ ಕತೆಯೇ.

ಹೆತ್ತವರಲ್ಲಿ ಒಂದು ಕೋರಿಕೆ. ವರ್ಷಕ್ಕೆ ಎರಡು ರಾತ್ರಿ, ಮಳೆಗಾಲ ಕಳೆದ ಮೇಲೆ, ಅಮಾವಾಸ್ಯೆಯ ಹತ್ತಿರದ ಒಂದು ಶನಿವಾರ ಮಕ್ಕಳನ್ನು ಶಾಲೆಯ ಮೈದಾನಕ್ಕೆ ಕಳುಹಿಸಿ, ನೀವೂ ಬನ್ನಿ. ಹತ್ತಿರದ ಮನೆಯವರು ಒಂದು ಗಂಟೆ ಅಂಗಳದ ಲೈಟು ಆರಿಸಿದರೆ ಸಾಕು, ದೂರದರ್ಶಕ ಬೇಡ.

2031ರ ಮೇ 21, ಬುಧವಾರ, ಇನ್ನೊಂದು ಕಂಕಣ ಗ್ರಹಣ ಇದೆ. ಬಳೆ ಕಾಣುವುದು ಕೇರಳದ ದಕ್ಷಿಣ ಭಾಗಕ್ಕೆ ಮತ್ತು ತಮಿಳುನಾಡಿಗೆ, ನಮಗೆ ಪಾರ್ಶ್ವ ಗ್ರಹಣ. ಬೇಸಿಗೆ ರಜೆಯ ದಿನವಾದ್ದರಿಂದ ಶಾಲೆ ಇರುವುದಿಲ್ಲ, ಬಾಗಿಲು ಹಾಕುವುದೋ ತೆರೆಯುವುದೋ ಎಂಬುದು ಆಯಾ ಮನೆಯವರ ಕೈಯಲ್ಲಿ. ಈಗ ಮೂರನೇ ತರಗತಿಯಲ್ಲಿ ಇರುವವರು ಅಷ್ಟು ಹೊತ್ತಿಗೆ ಹೈಸ್ಕೂಲಿನವರು. ಬರಿಗಣ್ಣಿನಿಂದ ಸೂರ್ಯನನ್ನು ನೋಡಬಾರದು, ಎಕ್ಸ್‌ರೇ ಫಿಲ್ಮೂ ಬೇಡ. ಗ್ರಹಣದ ಕನ್ನಡಕ ಬೇಕು. ಅದು ಸಿಗದಿದ್ದರೆ ತೋಟದಲ್ಲಿ ಎಲೆಗಳ ಸಂದಿಯಿಂದ ಬೆಳಕು ಬೀಳುವ ಕಡೆ ಒಂದು ಬಿಳಿ ಪಂಚೆ ಹಾಸಿ. ಸೂರ್ಯ ಕಚ್ಚಿಸಿಕೊಂಡ ರೊಟ್ಟಿಯ ಹಾಗೆ ಒಂದಲ್ಲ, ನೂರು ಕಡೆ ಅದರ ಮೇಲೆ ಕಾಣುತ್ತಾನೆ.